ಕಳ್ಳಭಟ್ಟಿಯ ವಿಷ: ಮುಚ್ಚಿಟ್ಟರೆ ಕಣ್ಣು ಹೋದೀತು

ಮದ್ಯ ಹರಾಮ್ ಎಂಬುದು ನಿಮಗೆ ಹೊಸ ಮಾತಲ್ಲ. ಆದರೆ ಮನೆಯಲ್ಲೇ ವಿಸ್ಕಿ ಬಟ್ಟಿ ಇಳಿಸುವುದನ್ನು ಕಲಿಸುವ ವೀಡಿಯೊಗಳು ನಮ್ಮ ಮಕ್ಕಳ ಮೊಬೈಲಿಗೂ ಬರುತ್ತವೆ. ಧಾನ್ಯ ಹುಳಿ ಬರಿಸಿ, ಕಾಸಿ, ಆವಿ ತಣಿಸುವುದು ಅವರಿಗೆ ವಿಜ್ಞಾನದ ಪ್ರಯೋಗದಂತೆ ಕಂಡೀತು. ಪ್ರವಾದಿಯವರು(ಸ) ಶಪಿಸಿದವರಲ್ಲಿ ಕುಡಿಯುವವನ ಜೊತೆ ತಯಾರಿಸುವವನೂ ಹೊತ್ತೊಯ್ಯುವವನೂ ಇದ್ದಾರೆಂದು ಅವರಿಗೆ ತಿಳಿಸಿ. 1965ರ ಕರ್ನಾಟಕ ಅಬಕಾರಿ ಕಾಯ್ದೆಯಡಿ ಪರವಾನಗಿಯಿಲ್ಲದೆ ಮದ್ಯ ತಯಾರಿಸುವುದು ಮಾತ್ರವಲ್ಲ, ಅದಕ್ಕಾಗಿ ಸಲಕರಣೆ ಇಟ್ಟುಕೊಳ್ಳುವುದೂ ಅಪರಾಧ. ಮಾರಲಿಲ್ಲ, ನನಗಾಗಿ ಮಾಡಿದೆ ಎಂಬ ಸಮಜಾಯಿಷಿ ನಡೆಯದು.

ಇನ್ನು ವಿಷದ ವಿಚಾರ. ಕಳ್ಳಭಟ್ಟಿ ಮಾರುವವರು ಅಮಲು ಹೆಚ್ಚಿಸಲು ಕಾರ್ಖಾನೆಯ ಮೆಥನಾಲ್ ಬೆರೆಸುವುದುಂಟು. ನೋಟ, ವಾಸನೆಗಳಿಂದ ಅದನ್ನು ಗುರುತಿಸಲಾಗದು. 2024ರ ಜೂನ್‌ನಲ್ಲಿ ತಮಿಳುನಾಡಿನ ಕಲ್ಲಕುರಿಚಿಯಲ್ಲಿ 60ಕ್ಕೂ ಹೆಚ್ಚು ಮಂದಿ ಸತ್ತದ್ದು ಇದರಿಂದಲೇ. ಮೆಥನಾಲ್ ದೇಹದೊಳಗೆ ಫಾರ್ಮಿಕ್ ಆಮ್ಲವಾಗಿ ಕಣ್ಣಿನ ನರವನ್ನು ಸುಡುತ್ತದೆ. ಇದಕ್ಕೆ ಹಲವು ಗಂಟೆ, ಕೆಲವೊಮ್ಮೆ ಒಂದು ದಿನವೇ ಹಿಡಿಯುತ್ತದೆ. ಆದ್ದರಿಂದ ರಾತ್ರಿ ಕುಡಿದವನು ಬೆಳಿಗ್ಗೆ ಚೆನ್ನಾಗಿಯೇ ಇದ್ದಾನೆಂದು ನಂಬಬೇಡಿ. ತಲೆನೋವು, ವಾಂತಿ, ಹೊಟ್ಟೆನೋವು, ಏದುಸಿರು, ಕಣ್ಣೆದುರು ಮಂಜು ಕವಿದಂತಾಗುವುದು ಇದರ ಲಕ್ಷಣಗಳು.

ನಮ್ಮ ಮನೆಗಳಲ್ಲಿ ಅಪಾಯ ಹೆಚ್ಚುವುದು ಇಲ್ಲಿಯೇ. ಮಗನೋ ಅಳಿಯನೋ ಕುಡಿದಿದ್ದಾನೆಂದು ತಿಳಿದರೆ ಮೊಹಲ್ಲಾದವರು ಏನೆಂದಾರು ಎಂದು ಬಾಗಿಲು ಹಾಕಿ, ಮಜ್ಜಿಗೆ ಕುಡಿಸಿ ಮಲಗಿಸುತ್ತಾರೆ. ಆಸ್ಪತ್ರೆಗೆ ಒಯ್ದರೂ ಊಟದಲ್ಲಿ ಏನೋ ಹೆಚ್ಚುಕಡಿಮೆಯಾಯಿತು ಎನ್ನುತ್ತಾರೆ. ವೈದ್ಯರು ಬೇರೆ ರೋಗ ಹುಡುಕುವಷ್ಟರಲ್ಲಿ ದೃಷ್ಟಿ ಹೋಗಿರುತ್ತದೆ. ಪಾಪದ ವಿಚಾರಣೆ ಆಮೇಲಾಗಲಿ, ಮೊದಲು 108ಕ್ಕೆ ಕರೆ ಮಾಡಿ.

ಚಿಕಿತ್ಸೆಗೆ ಫೋಮೆಪಿಜೋಲ್ ಎಂಬ ಔಷಧಿಯಿದೆ. ಅದು ಎಲ್ಲೆಡೆ ಸಿಗದು. ಸಿಗದಾಗ ವೈದ್ಯರು ಅಳತೆ ನೋಡಿ ಎಥನಾಲ್ ಕೊಡಬಹುದು, ಡಯಾಲಿಸಿಸ್ ಕೂಡ ಮಾಡಬಹುದು. ಎಥನಾಲ್ ಎಂದರೆ ಮದ್ಯದಲ್ಲಿರುವ ಆಲ್ಕೋಹಾಲೇ. ಇದನ್ನು ಕೇಳಿ ಬಂಧುಗಳು ಬೆಚ್ಚಬೇಕಿಲ್ಲ. ಮೆಥನಾಲ್ ವಿಷವಾಗಿ ಮಾರ್ಪಡುವುದನ್ನು ಅದು ತಡೆಯುತ್ತದೆ. ಬೇರೆ ದಾರಿಯಿಲ್ಲದವನಿಗೆ ಅಗತ್ಯದಷ್ಟೇ ಇರುವ ರಿಯಾಯಿತಿ ಅಲ್ ಬಕರಾ ಅಧ್ಯಾಯದ 173ನೇ ಸೂಕ್ತದಲ್ಲಿದೆ. ಆದರೆ ಇದನ್ನು ಕೇಳಿಕೊಂಡು ಮನೆಯಲ್ಲೇ ಮದ್ಯ ಕುಡಿಸಲು ಹೋಗಬೇಡಿ. ಅಳತೆ ತಪ್ಪಿದರೆ ಅದೂ ಕೊಲ್ಲುತ್ತದೆ.

ಪ್ರಜ್ಞೆ ತಪ್ಪಿದವನನ್ನು ಮಗ್ಗುಲಾಗಿ ಮಲಗಿಸಿ, ಬಾಯಿಗೆ ಏನನ್ನೂ ಹಾಕಬೇಡಿ. ಕುಡಿದ ಬಾಟಲಿಯಲ್ಲಿ ಉಳಿದದ್ದಿದ್ದರೆ ಚೆಲ್ಲದೆ ವೈದ್ಯರಿಗೆ ಒಪ್ಪಿಸಿ. ಜೊತೆಗೆ ಕುಡಿದವರ ಹೆಸರನ್ನೂ ಹೇಳಿಬಿಡಿ, ಅವರೂ ಎಲ್ಲೋ ಮಲಗಿರಬಹುದು.