ದೀಪ ಹಚ್ಚುವ ಹೊತ್ತಿಗೆ ಕತ್ತಲೆ ಕೇಳಿದ ಪ್ರೊಜೆಕ್ಟರ್

ನಮ್ಮ ಹಾಲ್ ಹತ್ತು ಅಡಿಗೆ ಒಂಬತ್ತು ಅಡಿ. ಬೆಂಗಳೂರಿನ ಹನುಮಂತನಗರದ ಹಳೆಯ ಮನೆ. ಬೀದಿ ಬಾಗಿಲು, ಅದರ ಪಕ್ಕ ಮೂರೂವರೆ ಅಡಿ ಗೋಡೆ, ಆಮೇಲೆ ಕಿಟಕಿ. ಎದುರಿಗೆ ದಿವಾನ್. ಅಡುಗೆಮನೆಗೆ ಹೋಗುವವರು ಈ ಹಾಲ್ ದಾಟಿಕೊಂಡೇ ಹೋಗಬೇಕು. ಇಷ್ಟು ಪುಟ್ಟ ಕೋಣೆಗೆ ನಾನು ಹದಿನಾಲ್ಕು ತಿಂಗಳಲ್ಲಿ ಎರಡು ಸಲ ದುಡ್ಡು ಸುರಿದೆ. ಮೊದಲು ಪ್ರೊಜೆಕ್ಟರ್, ಆಮೇಲೆ ಟಿವಿ. ಹಬ್ಬದ ರಿಯಾಯಿತಿ ಬಂದಾಗಲೆಲ್ಲ ಪರಿಚಯದವರು ಟಿವಿಯೋ ಪ್ರೊಜೆಕ್ಟರೋ ಎಂದು ಕೇಳುವುದರಿಂದ, ನನ್ನ ಲೆಕ್ಕದ ಪುಸ್ತಕವನ್ನು ಈ ಸಲ ಪೂರ್ತಿ ತೆರೆದಿಡುತ್ತಿದ್ದೇನೆ.

2024ರ ಆಗಸ್ಟ್‌ನಲ್ಲಿ ನಮ್ಮ ಹಳೆಯ 32 ಇಂಚಿನ ಟಿವಿಯ ಪರದೆಯ ಮೇಲೆ ಉದ್ದುದ್ದ ಗೆರೆಗಳು ಮೂಡಿದವು. ರಿಪೇರಿಗೆ ಬಂದವರು ನೋಡಿ, ಪ್ಯಾನೆಲ್ ಬದಲಿಸುವ ದುಡ್ಡಿಗೆ ಹೊಸ ಟಿವಿಯೇ ಬರುತ್ತದೆ ಅಂದರು. ಅದು ನಿಜ. ಟಿವಿಯಲ್ಲಿ ಬೆಲೆಯ ದೊಡ್ಡ ಪಾಲು ಪ್ಯಾನೆಲ್‌ನದೇ. ಆ ವಾರ ಗೆಳೆಯನೊಬ್ಬನ ಮನೆಯಲ್ಲಿ ರಾತ್ರಿ ಪ್ರೊಜೆಕ್ಟರ್‌ನಲ್ಲಿ ಸಿನಿಮಾ ನೋಡಿದೆ. ಗೋಡೆ ತುಂಬ ಚಿತ್ರ, ಟಾಕೀಸಿನಲ್ಲಿ ಕುಳಿತ ಹಾಗೆ. ಮನಸ್ಸು ಅಲ್ಲೇ ಸೋತಿತು. ಸಣ್ಣ ಮನೆಗೆ ಇದೇ ಸರಿ, ಬೇಡವಾದಾಗ ಎತ್ತಿ ಕಪಾಟಿನಲ್ಲಿಡಬಹುದು ಅನ್ನಿಸಿತು. ಕೊಂಡದ್ದು 17,990 ರೂಪಾಯಿಗೆ.

ಅಷ್ಟಕ್ಕೆ ನಿಲ್ಲಲಿಲ್ಲ. ನಮ್ಮ ಗೋಡೆಯ ಸುಣ್ಣ ಅಲ್ಲಲ್ಲಿ ಎದ್ದಿತ್ತು, ಚಿತ್ರದಲ್ಲಿ ಮುಖಗಳ ಮೇಲೆ ಕಲೆ ಕಾಣಿಸುತ್ತಿತ್ತು. ಪರದೆಗೆ 3,200. ಸ್ಟ್ಯಾಂಡಿಗೆ 1,100. ಒಳಗಿನ ಸ್ಪೀಕರ್ ಫ್ಯಾನಿನ ಸದ್ದನ್ನೇ ಮೀರುತ್ತಿರಲಿಲ್ಲ, ಹೊರಗಿನ ಸ್ಪೀಕರಿಗೆ 2,400. ಬೆಳಕು ತಡೆಯುವ ದಪ್ಪ ಕರ್ಟನ್‌ಗೆ 2,600. ಸೆಟ್ ಟಾಪ್ ಬಾಕ್ಸಿನಿಂದ ಎಳೆಯಬೇಕಾದ ಉದ್ದನೆಯ ಎಚ್‌ಡಿಎಂಐ ಕೇಬಲ್‌ಗೆ 700. ಕೂಡಿಸಿದರೆ 27,990. ಅಂಗಡಿಯಲ್ಲಿ ಕಂಡ ಬೆಲೆಯ ಮೇಲೆ ಇನ್ನೊಂದು ಹತ್ತು ಸಾವಿರ. ಟಿವಿಗಿಂತ ಅಗ್ಗ ಎಂದುಕೊಂಡು ಪ್ರೊಜೆಕ್ಟರ್ ಕೊಳ್ಳುವವರು ಮೊದಲು ಈ ಪಟ್ಟಿಯನ್ನು ಬರೆದುಕೊಳ್ಳಬೇಕು.

ಡಬ್ಬದ ಮೇಲೆ 200 ಇಂಚಿನ ಚಿತ್ರ ಎಂದಿತ್ತು. ಶಾಲೆಯ ಗಣಿತ ಸಾಕು ಇದನ್ನು ಪರೀಕ್ಷಿಸಲು. ಇಂಚು ಅಂದರೆ ಮೂಲೆಯಿಂದ ಮೂಲೆಗೆ. ಅದರ ನೂರರಲ್ಲಿ 87 ಪಾಲು ಅಗಲ. 200 ಇಂಚಿನ ಚಿತ್ರಕ್ಕೆ ಹದಿನಾಲ್ಕೂವರೆ ಅಡಿ ಅಗಲದ ಬರಿ ಗೋಡೆ ಬೇಕು. ಎಷ್ಟು ದೂರದಿಂದ ಎಷ್ಟು ಅಗಲದ ಚಿತ್ರ ಬೀಳುತ್ತದೆ ಎಂಬುದಕ್ಕೆ ಪ್ರತಿ ಪ್ರೊಜೆಕ್ಟರಿಗೂ ಒಂದು ಅನುಪಾತವಿದೆ, ಥ್ರೋ ರೇಶಿಯೋ ಅನ್ನುತ್ತಾರೆ. ನನ್ನದರದ್ದು 1.3. ಅಂದರೆ ಅಗಲದ 1.3ರಷ್ಟು ದೂರದಲ್ಲಿ ಅದನ್ನಿಡಬೇಕು. 200 ಇಂಚಿಗೆ ಹತ್ತೊಂಬತ್ತು ಅಡಿ, 100 ಇಂಚಿಗೆ ಒಂಬತ್ತೂವರೆ ಅಡಿ. ಅಡುಗೆಮನೆಯ ದಾರಿ ಬಿಟ್ಟು ನನಗೆ ಸಿಕ್ಕಿದ್ದು ಏಳೂವರೆ ಅಡಿ. ಹಾಗಾಗಿ ಬಿದ್ದದ್ದು 80 ಇಂಚಿನ ಚಿತ್ರ. ಅದೂ ದಿವಾನನ್ನು ತಿರುಗಿಸಿದ ಮೇಲೆ. ಯಾರಾದರೂ ನೀರು ಕುಡಿಯಲು ಎದ್ದರೆ ಅವರ ನೆರಳು ನಾಯಕನ ಮೇಲೆ. ಪಕ್ಕಕ್ಕೆ ಓರೆಯಾಗಿಟ್ಟು ಕೀಸ್ಟೋನ್ ಎಂಬ ಸೌಲಭ್ಯದಲ್ಲಿ ಚಿತ್ರವನ್ನು ನೆಟ್ಟಗೆ ಮಾಡಬಹುದು. ಆದರೆ ಅದು ಚಿತ್ರವನ್ನು ಹಿಂಡಿ ಮಾಡುವ ರಿಪೇರಿ, ಹೊಳಪೂ ಸ್ಪಷ್ಟತೆಯೂ ಒಟ್ಟಿಗೆ ಕುಗ್ಗುತ್ತವೆ.

ಬೆಳಕಿನ ವಿಷಯವನ್ನು ಸ್ವಲ್ಪ ನಿಧಾನವಾಗಿ ಹೇಳಬೇಕು, ದುಡ್ಡು ಸೋರುವುದು ಇಲ್ಲೇ. ನನ್ನ ಡಬ್ಬದ ಮೇಲೆ ದೊಡ್ಡಕ್ಷರದಲ್ಲಿ 9,000 ಲ್ಯೂಮೆನ್ ಎಂದಿತ್ತು. ಒಳಗಿನ ಕೈಪಿಡಿಯಲ್ಲಿ ಸಣ್ಣಕ್ಷರದಲ್ಲಿ 300 ಆನ್ಸಿ ಲ್ಯೂಮೆನ್. ಮೊದಲನೆಯದು ಪ್ರಚಾರದ ಲೆಕ್ಕ, ಎರಡನೆಯದು ಪರದೆಯ ಮೇಲೆ ಒಂಬತ್ತು ಕಡೆ ಅಳೆದು ತೆಗೆಯುವ ಲೆಕ್ಕ. ನೋಡಬೇಕಾದ್ದು ಎರಡನೆಯದನ್ನು ಮಾತ್ರ. ಅದನ್ನು ಬರೆದೇ ಇಲ್ಲ ಅಂದರೆ ಆ ಸರಕನ್ನು ಅಲ್ಲೇ ಬಿಟ್ಟು ಬನ್ನಿ. ಇದೇ ಮಾತು '4ಕೆ ಸಪೋರ್ಟ್' ಎಂಬುದಕ್ಕೂ ಸಲ್ಲುತ್ತದೆ. 4ಕೆ ಫೈಲನ್ನು ತೆರೆಯಬಲ್ಲದು ಎಂದು ಅದರ ಅರ್ಥವೇ ಹೊರತು 4ಕೆ ಚಿತ್ರ ತೋರಿಸುತ್ತದೆ ಎಂದಲ್ಲ. ಕೇಳಬೇಕಾದ್ದು 'ನೇಟಿವ್ ರೆಸಲ್ಯೂಶನ್ ಎಷ್ಟು' ಎಂದು. ಅಗ್ಗದವುಗಳಲ್ಲಿ ಅದು 1080 ಗೆರೆ, ಎಷ್ಟೋ ಸಲ ಬರಿ 720.

ಪ್ರೊಜೆಕ್ಟರ್ ಬೆಳಕನ್ನು ಚೆಲ್ಲಬಲ್ಲದು, ಕಪ್ಪನ್ನು ಚೆಲ್ಲಲಾರದು. ಗೋಡೆ ಎಷ್ಟು ಬೆಳಗಿದೆಯೋ ಅದೇ ಅದರ ಕಪ್ಪು. ಟ್ಯೂಬ್‌ಲೈಟ್ ಹಾಕಿದ ಕೂಡಲೇ ನಾಯಕಿಯ ಕಪ್ಪು ಕೂದಲು ಬೂದಿ ಬಣ್ಣಕ್ಕೆ ತಿರುಗುತ್ತದೆ. ಸಣ್ಣ ಕೋಣೆಯಲ್ಲಿ ಇದು ಇನ್ನೂ ಹೆಚ್ಚು, ಏಕೆಂದರೆ ಬಿಳಿ ಸುಣ್ಣದ ಗೋಡೆಗಳೂ ಚಾವಣಿಯೂ ಹತ್ತಿರದಲ್ಲೇ ಇದ್ದು ಚಿತ್ರದ ಬೆಳಕನ್ನೇ ಮರಳಿ ಪರದೆಗೆ ಎರಚುತ್ತವೆ. 300 ಲ್ಯೂಮೆನ್‌ನ ಯಂತ್ರ 80 ಇಂಚಿನಲ್ಲಿ ಕೊಡುವ ಹೊಳಪಿಗೆ ಹೋಲಿಸಿದರೆ ಸಾಧಾರಣ ಟಿವಿ ನಾಲ್ಕೈದು ಪಟ್ಟು ಹೊಳೆಯುತ್ತದೆ. ಹಗಲು ಬೆಳಕಿನಲ್ಲೂ ನಿಲ್ಲುವ ಪ್ರೊಜೆಕ್ಟರುಗಳಿವೆ, ಗೋಡೆಯ ಬುಡದಲ್ಲೇ ಇಡುವಂಥವೂ ಇವೆ. ಅವುಗಳ ಬೆಲೆ ಬಹಳ ಹೆಚ್ಚು, ನಮ್ಮಂಥವರ ಮಾತಲ್ಲ.

ನಾನೂ ನನ್ನ ಹೆಂಡತಿಯೂ ಕೆಲಸಕ್ಕೆ ಹೋಗುವವರು, ಮಗ ಶಾಲೆಗೆ. ವಾರಕ್ಕೊಂದು ಸಿನಿಮಾ, ಲೈಟ್ ಆರಿಸಿಕೊಂಡು. ಅಷ್ಟಕ್ಕೆ ಅದು ಚೆನ್ನಾಗಿಯೇ ಇತ್ತು, ಸುಳ್ಳು ಹೇಳಲಾರೆ. 2025ರ ಮೇ ತಿಂಗಳಲ್ಲಿ ಅಮ್ಮ ಅರಸೀಕೆರೆ ಕಡೆಯ ಊರಿನಿಂದ ನಮ್ಮ ಜೊತೆ ಇರಲು ಬಂದಳು. ಆಗಷ್ಟೇ ಕಣ್ಣಿನ ಪೊರೆಯ ಆಪರೇಷನ್ ಆಗಿತ್ತು. ಊರಲ್ಲಿ ಅವಳಿಗೆ ಮಧ್ಯಾಹ್ನ ಅಡುಗೆ ಕಾರ್ಯಕ್ರಮ, ಸಂಜೆ ಆರರಿಂದ ಧಾರಾವಾಹಿ, ನಡುವೆ ವಾರ್ತೆ ನೋಡಿ ರೂಢಿ. ಮೊದಲ ದಿನ ಸಂಜೆ ಆರೂವರೆಗೆ ನಾನು ಪ್ರೊಜೆಕ್ಟರ್ ಹಾಕಿ, ಕರ್ಟನ್ ಎಳೆದು, ಲೈಟ್ ಆರಿಸಿದೆ. ಅಮ್ಮ ದೇವರ ಮುಂದೆ ಆಗತಾನೆ ದೀಪ ಹಚ್ಚಿ ಬಂದಿದ್ದಳು.

"ಮುಸ್ಸಂಜೆ ಹೊತ್ನಲ್ಲಿ ಲೈಟ್ ಆರಿಸ್ತಾರೇನೋ? ನಂಗೆ ಬೇಡ ಕಣಪ್ಪ, ಹಾಕು ಲೈಟು" ಅಂದಳು.

ಲೈಟ್ ಹಾಕಿದೆ. ಚಿತ್ರ ಮಾಸಿತು. ಕೇಬಲ್‌ನಲ್ಲಿ ಬರುವ ಎಸ್‌ಡಿ ಚಾನೆಲ್ಲಿನ ಚಿತ್ರ ಮೊದಲೇ 576 ಗೆರೆಗಳದ್ದು, ಅದನ್ನು 80 ಇಂಚಿಗೆ ಹಿಗ್ಗಿಸಿದರೆ ಮುಖಗಳೆಲ್ಲ ಕಲಸಿದಂತೆ. ಅಮ್ಮ ಎರಡು ದಿನ ಕಣ್ಣು ಕಿರಿದು ಮಾಡಿಕೊಂಡು ನೋಡಿದಳು. ಮೂರನೆಯ ದಿನದಿಂದ ಫೋನ್ ಹಿಡಿದಳು. ಹೊಸ ಕಣ್ಣಿನಲ್ಲಿ, ಅಂಗೈಯಗಲದ ಪರದೆಯಲ್ಲಿ, ಐದು ತಿಂಗಳು ಧಾರಾವಾಹಿ ನೋಡಿದಳು. ಮನೆಯಲ್ಲಿ ಇಪ್ಪತ್ತೆಂಟು ಸಾವಿರದ ಯಂತ್ರವಿದ್ದೂ ಹಾಗಾಯಿತು. ನನಗೆ ಇಂದಿಗೂ ನೋವಾಗುವುದು ಕಳೆದ ದುಡ್ಡಿಗಲ್ಲ, ಆ ಐದು ತಿಂಗಳಿಗೆ.

ಅಕ್ಟೋಬರ್‌ನಲ್ಲಿ, ದೀಪಾವಳಿಗೆ ಮೊದಲು, ಟಿವಿ ತರಲೇಬೇಕೆಂದು ನಿರ್ಧರಿಸಿದೆ. ಅದೇ ಹೊತ್ತಿಗೆ ಜಿಎಸ್‌ಟಿ ಇಳಿದಿತ್ತು. 32 ಇಂಚಿಗಿಂತ ದೊಡ್ಡ ಟಿವಿಗಳಿಗೆ ಶೇ 28 ಇದ್ದದ್ದು 2025ರ ಸೆಪ್ಟೆಂಬರ್ 22ರಿಂದ ಶೇ 18ಕ್ಕೆ ಬಂತು. ಪ್ರೊಜೆಕ್ಟರಿಗೂ ಇದೇ ಇಳಿಕೆ. ಹತ್ತು ಪರ್ಸೆಂಟ್ ಇಳಿಯಿತೆಂದು ಬೆಲೆಯೂ ಹತ್ತು ಪರ್ಸೆಂಟ್ ಇಳಿಯುವುದಿಲ್ಲ. ತೆರಿಗೆ ಸೇರಿ 30,000 ಇದ್ದದ್ದು 27,650ರ ಆಸುಪಾಸಿಗೆ ಬರಬೇಕು, ಅಂದರೆ ಸುಮಾರು ಎಂಟು ಪರ್ಸೆಂಟ್. ಇದಕ್ಕಿಂತ ಕಡಿಮೆ ಇಳಿಸಿದ್ದರೆ ಏಕೆಂದು ಅಂಗಡಿಯಲ್ಲಿ ಕೇಳಿ.

ಈ ಸಲ ಅಂಗಡಿಗೆ ಹೋಗುವ ಮೊದಲು ಟೇಪ್ ಹಿಡಿದೆ. ದಿವಾನಿನ ಮೇಲೆ ಕುಳಿತವರ ಕಣ್ಣಿನಿಂದ ಗೋಡೆಗೆ ಏಳು ಅಡಿ, ಅಂದರೆ 84 ಇಂಚು. ಪರದೆಯ ಇಂಚಿನ 1.6ರಷ್ಟು ದೂರದಲ್ಲಿ ಕೂರಬೇಕೆಂಬ ಒಂದು ಲೆಕ್ಕವಿದೆ. ಆ ಪ್ರಕಾರ 50 ಇಂಚಿನದು ನಮ್ಮ ಹಾಲಿಗೆ ಧಾರಾಳವಾಗಿ ಹೊಂದುತ್ತದೆ. ಆದರೆ 50 ಇಂಚಿನ ಟಿವಿ 44 ಇಂಚು ಅಗಲ, ಬಾಗಿಲಿಗೂ ಕಿಟಕಿಗೂ ನಡುವಿನ ಗೋಡೆ 42 ಇಂಚು. 43 ಇಂಚಿನದ್ದು 38 ಇಂಚು ಅಗಲ, ಎರಡೂ ಕಡೆ ಎರಡೆರಡು ಇಂಚು ಬಿಟ್ಟು ಕೂರುತ್ತದೆ. ಎಷ್ಟು ದೊಡ್ಡದು ಎಂಬ ಚರ್ಚೆಯನ್ನು ಗೋಡೆಯೇ ಮುಗಿಸಿತು. ಕಿಟಕಿ ಟಿವಿಯ ಪಕ್ಕದಲ್ಲಿದ್ದದ್ದು ಅನುಕೂಲವಾಯಿತು, ಎದುರಿಗಿದ್ದಿದ್ದರೆ ಹಗಲೆಲ್ಲ ಬೀದಿಯೇ ಪರದೆಯಲ್ಲಿ ಕಾಣುತ್ತಿತ್ತು.

ಅಂಗಡಿಗೆ ಅಮ್ಮನನ್ನೂ ಕರೆದುಕೊಂಡು ಹೋದೆ. ಅಲ್ಲಿ ಎಲ್ಲ ಟಿವಿಗಳಲ್ಲೂ ಹೂವು, ಜಲಪಾತ, ಗಿಳಿಗಳ ಚಿತ್ರ ಓಡುತ್ತಿರುತ್ತವೆ. ಅವುಗಳಲ್ಲಿ ಯಾವ ಟಿವಿಯೂ ಕೆಟ್ಟದಾಗಿ ಕಾಣುವುದಿಲ್ಲ. ಕೇಬಲ್ ಚಾನೆಲ್ ಹಾಕಿಸಿ ಎಂದೆ. ವಾರ್ತೆಯ ಕೆಳಗೆ ಓಡುವ ಅಕ್ಷರಗಳನ್ನು ಅಮ್ಮ ಏಳು ಅಡಿ ದೂರ ನಿಂತು ಓದಿದಳು. ಆಮೇಲೆ ನಾನು ಪಕ್ಕಕ್ಕೆ ಸರಿದು ನೋಡಿದೆ. ಸಣ್ಣ ಕೋಣೆಯಲ್ಲಿ ಎಲ್ಲರೂ ಎದುರಿಗೆ ಕೂರಲಾರರು. ಒಬ್ಬರು ನೆಲದ ಮೇಲೆ ಮೂಲೆಯಲ್ಲಿ, ಇನ್ನೊಬ್ಬರು ಅಡುಗೆಮನೆಯ ಬಾಗಿಲಲ್ಲಿ ಸೊಪ್ಪು ಬಿಡಿಸುತ್ತ. ಪ್ಯಾನೆಲ್‌ನಲ್ಲಿ ಬಗೆಗಳಿವೆ. ವಿಎ ಪ್ಯಾನೆಲ್‌ನಲ್ಲಿ ಕಪ್ಪು ಗಾಢ, ಆದರೆ ಓರೆಯಿಂದ ನೋಡಿದರೆ ಬಣ್ಣ ತೆಳುವಾಗುತ್ತದೆ. ಐಪಿಎಸ್‌ನಲ್ಲಿ ಕಪ್ಪು ಕೊಂಚ ಕಡಿಮೆ, ಪಕ್ಕದವರಿಗೂ ಬಣ್ಣ ಸಮ. ನಮಗೆ ಬೇಕಾದ್ದು ಎರಡನೆಯದು. ನಾನೊಬ್ಬನೇ ಹೋಗಿದ್ದರೆ ಗಾಢ ಕಪ್ಪು ನೋಡಿ ಇನ್ನೊಂದನ್ನು ತರುತ್ತಿದ್ದೆ.

ಬೆಲೆ 25,490, ಗೋಡೆಗೆ ಹಾಕುವ ಬ್ರ್ಯಾಕೆಟ್ಟಿಗೂ ಕೂಲಿಗೂ 800. 'ನೋ ಕಾಸ್ಟ್ ಇಎಂಐ' ಮಾಡಿಸಿ ಎಂದು ಅಂಗಡಿಯವರು ಒತ್ತಾಯಿಸಿದರು. ಒಂದೇ ಸಲ ಕೊಟ್ಟರೆ ಎಷ್ಟು ಎಂದು ಕೇಳಿದ ಮೇಲೆ 1,500 ಕಡಿಮೆಯ ಬೆಲೆ ಹೊರಬಂತು, ಮೇಲೆ ಹೇಳಿದ್ದು ಅದು ಕಳೆದ ಬೆಲೆ. ಕಂತಿನಲ್ಲಿ ಆ ರಿಯಾಯಿತಿ ಹೋಗುತ್ತದೆ, ಪ್ರೊಸೆಸಿಂಗ್ ಶುಲ್ಕ ಬೇರೆ, ಕಾರ್ಡಿನ ಬಡ್ಡಿಯ ಮೇಲೆ ಶೇ 18 ಜಿಎಸ್‌ಟಿ ಬೇರೆ. ಶೂನ್ಯ ಬಡ್ಡಿ ಎಂಬುದೇ ಇಲ್ಲ ಎಂದು ರಿಸರ್ವ್ ಬ್ಯಾಂಕ್ 2013ರಲ್ಲೇ ಬ್ಯಾಂಕುಗಳಿಗೆ ಬರೆದಿದೆ. ಆರು ತಿಂಗಳು ಕಂತು ಕಟ್ಟುವ ಬದಲು ಆರು ತಿಂಗಳು ಮೊದಲೇ ಆರ್‌ಡಿ ಕಟ್ಟಿ ಕೊಳ್ಳುವುದು ನಮ್ಮ ಮನೆಯ ಪದ್ಧತಿ, ಅದನ್ನೇ ನಿಮಗೂ ಹೇಳುತ್ತೇನೆ.

ಈಗ ಗಂಟೆಯ ಲೆಕ್ಕ. ಹದಿನಾಲ್ಕು ತಿಂಗಳಲ್ಲಿ ಪ್ರೊಜೆಕ್ಟರ್ ಓಡಿದ್ದು ಸುಮಾರು 110 ಗಂಟೆ. ಅದನ್ನೂ ಪರದೆಯನ್ನೂ 7,000ಕ್ಕೆ ಕೊಟ್ಟೆ, ಕರ್ಟನ್ ಮತ್ತು ಸ್ಪೀಕರ್ ಈಗಲೂ ಬಳಕೆಯಲ್ಲಿವೆ. ಅವನ್ನೆಲ್ಲ ಕಳೆದರೆ ಉಳಿಯುವ ಖರ್ಚು 15,990. ಗಂಟೆಗೆ 145 ರೂಪಾಯಿ ಬಿತ್ತು. ಟಿವಿ ದಿನಕ್ಕೆ ಐದು ಗಂಟೆ ಓಡುತ್ತಿದೆ. ಏಳು ವರ್ಷ ಬಂದರೆ ಗಂಟೆಗೆ ಎರಡು ರೂಪಾಯಿ. ಮೂರೇ ವರ್ಷಕ್ಕೆ ಕೆಟ್ಟರೂ ಐದು ರೂಪಾಯಿ ದಾಟುವುದಿಲ್ಲ. ಕರೆಂಟು 80 ವ್ಯಾಟ್‌ನಂತೆ ತಿಂಗಳಿಗೆ 12 ಯೂನಿಟ್. ಗೃಹಜ್ಯೋತಿ ಉಚಿತ ವಿದ್ಯುತ್ ಯೋಜನೆಯಲ್ಲಿರುವ ಮನೆಯವರು ಇದನ್ನು ಗಮನಿಸಬೇಕು. ಅಲ್ಲಿ ಉಚಿತ ಸಿಗುವುದು ಹಿಂದಿನ ಸರಾಸರಿಯ ಆಧಾರದ ಮೇಲಿನ ಒಂದು ಮಿತಿಯವರೆಗೆ ಮಾತ್ರ, ಮೀರಿದರೆ ದುಡ್ಡು ಕಟ್ಟಬೇಕು.

ಪ್ರೊಜೆಕ್ಟರನ್ನು ಕೊಂಡವನು ನನ್ನ ತಮ್ಮ. ಅವನಿರುವುದು ಮಹಡಿಯ ಮೇಲಿನ ಒಂಟಿ ಕೋಣೆಯಲ್ಲಿ, ಬಾಡಿಗೆಗೆ. ಹನ್ನೊಂದು ತಿಂಗಳ ಕರಾರು, ಗೋಡೆಗೆ ಮೊಳೆ ಹೊಡೆಯುವಂತಿಲ್ಲ, ಹೊಡೆದರೆ ಬಿಡುವಾಗ ಅಡ್ವಾನ್ಸ್‌ನಲ್ಲಿ ಮುರಿದುಕೊಳ್ಳುತ್ತಾರೆ. ಎರಡು ವರ್ಷದಲ್ಲಿ ಮೂರು ಮನೆ ಬದಲಿಸಿದ್ದಾನೆ. ಕೆಲಸ ಮುಗಿಸಿ ಬರುವುದೇ ರಾತ್ರಿ ಹತ್ತಕ್ಕೆ. ಅವನು ಪ್ರತಿದಿನ ನೋಡುತ್ತಾನೆ, ಕತ್ತಲಲ್ಲೇ ನೋಡುತ್ತಾನೆ. ನನ್ನ ಕೈಯಲ್ಲಿ ಗಂಟೆಗೆ 145 ರೂಪಾಯಿ ಬಿದ್ದ ಅದೇ ಯಂತ್ರ ಅವನ ಕೈಯಲ್ಲಿ ಸಾರ್ಥಕವಾಗಿದೆ. ಅವನಿಗೆ ಟಿವಿ ಕೊಳ್ಳು ಎಂದು ನಾನು ಹೇಳುವುದಿಲ್ಲ.

ನೀವು ಕೊಳ್ಳುವವರಿದ್ದರೆ ಮೊದಲು ಒಂದು ವಾರ ಚೀಟಿಯಲ್ಲಿ ಬರೆದಿಡಿ: ಯಾರು, ಎಷ್ಟು ಹೊತ್ತಿಗೆ, ಲೈಟ್ ಹಾಕಿಕೊಂಡೋ ಆರಿಸಿಕೊಂಡೋ ನೋಡುತ್ತಾರೆ ಎಂದು. ಆ ಚೀಟಿ, ಒಂದು ಟೇಪು, ಮತ್ತು ಮನೆಯಲ್ಲಿ ಎಲ್ಲರಿಗಿಂತ ಹೆಚ್ಚು ಹೊತ್ತು ನೋಡುವವರು ಯಾರೋ ಅವರು, ಈ ಮೂರನ್ನೂ ಬಿಟ್ಟು ಅಂಗಡಿಗೆ ಹೋಗಬೇಡಿ.