ತಾಯಿಗೆ ಕೊಟ್ಟ ಮಾತು



ಟಿಮ್ ಡಂಕನ್ ಕೆರಿಬಿಯನ್ ಸಮುದ್ರದ ಸೇಂಟ್ ಕ್ರೋಯ್ ದ್ವೀಪದ ಹುಡುಗ. 1990ರಲ್ಲಿ, ಅವನಿಗೆ ಹದಿನಾಲ್ಕು ತುಂಬುವ ಮುನ್ನಾದಿನ, ತಾಯಿ ಕ್ಯಾನ್ಸರಿನಿಂದ ತೀರಿಕೊಂಡರು. ಪದವಿ ಮುಗಿಸುವೆನೆಂದು ಅವನು ಆಕೆಗೆ ಮಾತು ಕೊಟ್ಟಿದ್ದ.

ಮುಂದೆ ಅಮೆರಿಕದ ವೇಕ್ ಫಾರೆಸ್ಟ್ ವಿಶ್ವವಿದ್ಯಾಲಯದ ಬಾಸ್ಕೆಟ್‌ಬಾಲ್ ತಂಡದಲ್ಲಿ ಹೆಸರು ಮಾಡಿದ. ಓದು ಅರ್ಧಕ್ಕೆ ಬಿಟ್ಟು ವೃತ್ತಿಪರ ಆಟಕ್ಕೆ ಇಳಿದಿದ್ದರೆ ಅಪಾರ ಹಣ ಕಾದಿತ್ತು. ಕಾಲಿಗೆ ಪೆಟ್ಟಾದರೆ ಆ ಅವಕಾಶವೇ ಕೈತಪ್ಪುವ ಭಯವೂ ಇತ್ತು. ಆದರೂ ನಾಲ್ಕು ವರ್ಷ ಓದಿ, 1997ರಲ್ಲಿ ಮನಃಶಾಸ್ತ್ರದ ಪದವಿ ಪಡೆದ. ಅದೇ ವರ್ಷ ಹೊಸ ಆಟಗಾರರ ಆಯ್ಕೆಯಲ್ಲಿ ಮೊದಲಿಗನಾಗಿ ಸ್ಯಾನ್ ಆಂಟೋನಿಯೊ ಸ್ಪರ್ಸ್ ತಂಡ ಸೇರಿದ. 2016ರವರೆಗೂ ಅದೊಂದೇ ತಂಡಕ್ಕೆ ಆಡಿ, ಐದು ಬಾರಿ ಚಾಂಪಿಯನ್ ಆದ.

ಮಾತು ನೆನಪಿಸಲು ತಾಯಿ ಇರಲಿಲ್ಲ, ಮಗ ಮರೆಯಲಿಲ್ಲ. ನಾವು ಮಕ್ಕಳಿಗೆ ಕೊಟ್ಟ ಯಾವ ಮಾತು ಇನ್ನೂ ಬಾಕಿಯಿದೆ? ಈ ವಾರ ಮನೆಮಂದಿಯೆಲ್ಲ ಕೂತು ಯೋಚಿಸೋಣ.