ಲಾವಂಚದ ಹುಲ್ಲು: ಅದರ ಲಕ್ಷಣಗಳು ಮತ್ತು ಬದುಗಳ ರಕ್ಷಣೆಯಲ್ಲಿ ಅದರ ಉಪಯೋಗ

ಬೆಂಗಳೂರಿನ ಉತ್ತರಕ್ಕೆ ಯಲಹಂಕದ ಸುತ್ತಮುತ್ತ ಸಾಗುವಳಿಯಲ್ಲಿ ಉಳಿದಿರುವ ಖುಷ್ಕಿ ಜಮೀನುಗಳು ಬಹುಮಟ್ಟಿಗೆ ಇಳಿಜಾರಾದ ಕೆಂಪು ನೆಲಗಳು. ಬಿರುಮಳೆಯು ಬಿದ್ದಾಗ ರಾಗಿಹೊಲದ ಮೇಲ್ಮಣ್ಣು ಕೊಚ್ಚಿಹೋಗಿ ಕೆರೆಯನ್ನು ಸೇರುವುದು. ಇದರಿಂದ ಹೊಲಕ್ಕೆ ಸಾರನಷ್ಟ, ಕೆರೆಗೆ ಹೂಳು. ಯಲಹಂಕದ ಕೆರೆಯ ಕೋಡಿಯ ನೀರು ಜಕ್ಕೂರು, ರಾಚೇನಹಳ್ಳಿಯ ಕೆರೆಗಳ ಕಡೆಗೆ ಹರಿಯುವುದರಿಂದ, ಮೇಲಿನ ಹೊಲದವರ ಅಲಕ್ಷ್ಯದ ಫಲವನ್ನು ಕೆಳಗಿನ ಗ್ರಾಮದವರೂ ಅನುಭವಿಸಬೇಕಾಗುವುದು. ಮಣ್ಣಿನ ಬದು ಮಾತ್ರವೇ ಇದ್ದರೆ ಅದು ಒಡೆಯುವುದುಂಟು. ಬದುವಿನ ಮೇಲೆ ಲಾವಂಚವನ್ನು ಬೆಳೆಸಿದರೆ ಅದು ನಿಲ್ಲುವುದು.

ಗಿಡದ ಲಕ್ಷಣ.— ಲಾವಂಚಕ್ಕೆ ಮುಡಿವಾಳವೆಂದೂ ಹೆಸರುಂಟು. ಸಸ್ಯಶಾಸ್ತ್ರದಲ್ಲಿ ಇದನ್ನು ಕ್ರೈಸೋಪೋಗನ್ ಜಿಜನಿಯಾಯ್ಡಿಸ್ ಎನ್ನುವರು. ಹಿಂದಿನ ಗ್ರಂಥಗಳಲ್ಲಿ ವೆಟಿವೇರಿಯ ಎಂದಿರುವುದು. ಇದು ಜೋಳಕ್ಕೂ ಕಬ್ಬಿಗೂ ಹತ್ತಿರದ ದಾಯಾದಿ, ಬಹುವಾರ್ಷಿಕ ಹುಲ್ಲು. ಒತ್ತಾದ ಮೆಳೆಯಾಗಿ ಆಳೆತ್ತರಕ್ಕೆ ಬೆಳೆಯುವುದು. ಗರಿಗಳು ನೀಳವಾಗಿಯೂ ಬಿರುಸಾಗಿಯೂ ಇರುವುವು. ತೆನೆಯು ನಸುನೇರಳೆ ಬಣ್ಣದ್ದು. ನೋಟಕ್ಕೆ ಅಂದವಾಗಿರುವುದರಿಂದ ಉದ್ಯಾನಗಳ ಅಂಚಿನಲ್ಲಿಯೂ ಇದನ್ನು ನೆಡುವರು.

ಇದರ ವಿಶೇಷವೆಲ್ಲವೂ ಬುಡದಲ್ಲಿರುವುದು. ಬೇರುಗಳು ಪಕ್ಕಕ್ಕೆ ಹರಡದೆ ನೆಟ್ಟಗೆ ಕೆಳಕ್ಕಿಳಿದು, ಅನುಕೂಲವಾದ ನೆಲದಲ್ಲಿ 10 ಅಡಿಯ ಆಳವನ್ನೂ ಮುಟ್ಟುವುವು. ಆದುದರಿಂದ ಪಕ್ಕದ ಪೈರಿಗೆ ಬಾಧೆಯು ಅಲ್ಪ. ಗರಿಕೆಯಂತೆ ಹಂಬು ಹಬ್ಬಿ ಹೊಲಕ್ಕೆ ನುಗ್ಗುವುದಿಲ್ಲ. ದಕ್ಷಿಣದೇಶದಲ್ಲಿ ಬೇರಿಗಾಗಿ ಬೆಳೆಸುವ ಜಾತಿಯು ಮೊಳೆಯುವ ಬೀಜವನ್ನು ಕೊಡುವುದು ಬಹಳ ಅಪರೂಪ. ಉತ್ತರದೇಶದ ಕಾಡುಜಾತಿಯಾದರೋ ಬೀಜದಿಂದ ಹರಡುವುದು. ಅದನ್ನು ಹೊಲಕ್ಕೆ ತರಬಾರದು.

ಗುಂಡ್ಲುಪೇಟೆಯ ದೃಷ್ಟಾಂತ.— ಗುಂಡ್ಲುಪೇಟೆ ಪ್ರಾಂತದ ರೈತರು ತಲೆಮಾರುಗಳಿಂದ ಜಮೀನಿನ ಎಲ್ಲೆಗಳಲ್ಲಿ ಲಾವಂಚವನ್ನು ಕಾಪಾಡಿಕೊಂಡು ಬಂದಿರುವರು. 1980ರ ದಶಕದಲ್ಲಿ ವಿಶ್ವಬ್ಯಾಂಕಿನ ತಜ್ಞರು ಇದರ ಪ್ರಯೋಜನವನ್ನು ಇತರ ದೇಶಗಳಿಗೂ ತಿಳಿಯಪಡಿಸಿದರು. 1993ರಲ್ಲಿ ಅಮೆರಿಕದ ರಾಷ್ಟ್ರೀಯ ಸಂಶೋಧನಾ ಮಂಡಳಿಯು ಈ ಹುಲ್ಲನ್ನು ಕುರಿತೇ ಒಂದು ಗ್ರಂಥವನ್ನು ಪ್ರಕಟಿಸಿತು.

ನೆಡುವ ಕ್ರಮ.— ಮುಂಗಾರಿನಲ್ಲಿ ನೆಲವು ಚೆನ್ನಾಗಿ ನೆನೆದ ಮೇಲೆ ಹಳೆಯ ಮೆಳೆಯನ್ನು ಅಗೆದು, ಎರಡು ಮೂರು ತೆಂಡೆಗಳಿರುವಂತೆ ಸೀಳಿಕೊಳ್ಳತಕ್ಕದ್ದು. ಗರಿಗಳನ್ನು 8 ಅಂಗುಲಕ್ಕೂ ಬೇರುಗಳನ್ನು 4 ಅಂಗುಲಕ್ಕೂ ಕತ್ತರಿಸಿ, ಇಳಿಜಾರಿಗೆ ಅಡ್ಡಲಾಗಿ ಒಂದೇ ಮಟ್ಟದ ಸಾಲಿನಲ್ಲಿ 4ರಿಂದ 6 ಅಂಗುಲ ಅಂತರದಲ್ಲಿ ನೆಡಬೇಕು. ಮೊದಲ ವರ್ಷ ದನಕರುಗಳಿಂದ ಕಾಪಾಡಿ, ಸತ್ತ ಕಡೆಗಳಲ್ಲಿ ಮರುವರ್ಷ ಹೊಸ ತೆಂಡೆ ಹಾಕತಕ್ಕದ್ದು. ಸಾಲಿನಲ್ಲಿ ಸಂದು ಉಳಿದರೆ ನೀರೆಲ್ಲವೂ ಅಲ್ಲಿಯೇ ನುಗ್ಗಿ ಕೊರಕಲಾಗುವುದು. ಎರಡು ಮೂರು ವರ್ಷಗಳಲ್ಲಿ ಸಾಲು ಕೂಡಿಕೊಳ್ಳುವುದು. ಆಗ ನೀರಿನ ವೇಗವು ಕುಗ್ಗಿ, ಮಣ್ಣು ಸಾಲಿನ ಹಿಂದೆ ನಿಂತು, ಬುಡವೂ ಅದರೊಡನೆ ಮೇಲಕ್ಕೇರುವುದು. ದಟ್ಟ ನೆರಳಿನಲ್ಲಿ ಈ ಹುಲ್ಲು ಏಳುವುದಿಲ್ಲ. ಆಗಾಗ ಮೊಳದೆತ್ತರಕ್ಕೆ ಸವರಿದರೆ ತೆಂಡೆಯು ಹೆಚ್ಚುವುದು. ಎಳೆಯ ಗರಿಯನ್ನು ದನಗಳು ಮೇಯುವುವು.

ಎಚ್ಚರಿಕೆ.— ಲಾವಂಚದ ಬೇರಿಗೂ ಅದರ ತೈಲಕ್ಕೂ ಬೆಲೆಯುಂಟೆಂದು ಬದುವಿನ ಬೇರನ್ನು ಅಗೆಯುವುದು ಸಲ್ಲದು. ಅಗೆದ ಬದುವು ಮುಂದಿನ ಮಳೆಗೇ ಕೊಚ್ಚಿಹೋಗಬಹುದು. ಬೇರು ಬೇಕಾದವರು ಬೇರೊಂದು ಸಮತಟ್ಟಾದ ಪಾತಿಯಲ್ಲಿ ಬೆಳೆಯತಕ್ಕದ್ದು.

ಗ್ರಾಮದ ಮುಖಂಡರು ಊರಿನ ಬಾವಿಯ ಬಳಿ ಒಂದು ಸಣ್ಣ ಪಾತಿಯನ್ನು ಮಾಡಿಸಿ ಬಡ ರೈತರಿಗೆ ತೆಂಡೆಗಳನ್ನು ಹಂಚಿದರೆ ಖರ್ಚು ಅತ್ಯಲ್ಪ. ಕೆರೆಯು ಊರಿನವರೆಲ್ಲರ ಸ್ವತ್ತು. ಆದರೆ ಅದರ ರಕ್ಷಣೆಯು ದಿಣ್ಣೆಯ ಮೇಲಿನ ಮೊದಲನೆಯ ಬದುವಿನಿಂದಲೇ ಆರಂಭವಾಗತಕ್ಕದ್ದು.